ಪರದೆಯಂಚಿನ ಜಾಹೀರಾತು

“ಸಂಜೆ ತನಕ ಮೇಡಂ, ಅಷ್ಟೇ. ಆಮೇಲೆ ಫೈಲು ಮುಚ್ತೀನಿ.” ಇನ್ಸ್‌ಪೆಕ್ಟರ್ ಟೋಪಿಯನ್ನು ಕಂಕುಳಿಗೆ ಸಿಕ್ಕಿಸಿಕೊಂಡ. “ತಾನೇ ಜಿಗಿದ ಅಂತ ಬರೆದು, ಬಾಗಿಲ ಹತ್ರ ಇರೋ ಪೇದೆನೂ ವಾಪಸ್ ಕರೆಸ್ಕೋತೀನಿ.”

“ಪೇದೆ ಹೋದ್ರೆ ಒಳಗೆ ಮಲಗಿರೋನನ್ನ ಕಾಯೋರು ಯಾರು?”

“ತಾನೇ ಜಿಗಿದವನನ್ನ ಯಾರಿಂದ ಕಾಯಬೇಕು ಹೇಳಿ?”

ಸಾವಧಾನಮ್ಮ ಬಾಗಿಲ ಗಾಜಿನಿಂದ ಒಳಗೆ ನೋಡಿದಳು. ತಲೆಗೆ ಬಿಗಿಯಾಗಿ ಪಟ್ಟಿ ಸುತ್ತಿದ್ದ ಹುಡುಗ ಮೊನ್ನೆ ತನ್ನ ಕಚೇರಿಯ ಮಹಡಿ ಕಟಕಟೆಯಿಂದ ಕೆಳಗೆ ಬಿದ್ದು ಸಿಕ್ಕಾಗ ಹೇಗಿದ್ದನೋ ಈಗಲೂ ಹಾಗೇ ಕಣ್ಣು ಮುಚ್ಚಿ ಮಲಗಿದ್ದ. ಆದರೆ ಬೆಳಿಗ್ಗೆ ಅವನ ಬೆರಳು ಅಲ್ಲಾಡಿತ್ತು. ಇವತ್ತೋ ನಾಳೆಯೋ ಮಾತು ಬಂದರೂ ಬರಬಹುದು ಎಂದು ಡಾಕ್ಟರು ಹೇಳಿ ಹೋಗಿದ್ದರು. ಅವನನ್ನು ಯಾರಾದರೂ ತಳ್ಳಿದ್ದರೆ, ಅವರ ಕಿವಿಗೂ ಈ ಸುದ್ದಿ ಬಿದ್ದಿರುತ್ತದೆ. ಪೇದೆ ಹೋಗಬಾರದು ಎಂದು ಸಾವಧಾನಮ್ಮ ಹಟ ಹಿಡಿದದ್ದು ಅದಕ್ಕೇ.

ಆಕೆಯ ನಿಜವಾದ ಹೆಸರು ಯಾರ ಬಾಯಲ್ಲೂ ಉಳಿದಿರಲಿಲ್ಲ. ವಿಮಾ ಕಂಪನಿಯಲ್ಲಿ ಸುಳ್ಳು ಕ್ಲೇಮು ಹಿಡಿಯುವ ಕೆಲಸ ಮಾಡಿ ಕೂದಲು ಬೆಳ್ಳಗಾದ ಮೇಲೆ ಲಾಂಡ್ರಿ ಅಂಗಡಿಯ ಮೇಲಿನ ಕೋಣೆಯಲ್ಲಿ ಪತ್ತೇದಾರಿ ಶುರು ಮಾಡಿದವಳು. ಯಾರು ಎಗರಾಡಿದರೂ “ಸಾವಧಾನ, ಸಾವಧಾನ” ಎಂದು ಕೈ ಎತ್ತುವ ಅಭ್ಯಾಸ. ಬೆನ್ನ ಹಿಂದೆ ಎಲ್ಲರಿಗೂ ಆಕೆ ಸಾವಧಾನಮ್ಮ, ಎದುರಿಗೆ ಮೇಡಂ.

“ಸರಿ, ಸಂಜೆ ತನಕ,” ಎಂದಳು. “ಆದ್ರೆ ಅಲ್ಲೀತನಕ ಅವರಕ್ಕ ಒಬ್ಬಳನ್ನ ಬಿಟ್ಟು ಇನ್ಯಾರೂ ಒಳಗೆ ಕಾಲಿಡಬಾರದು. ಹೆಂಡತಿನೂ ಬೇಡ, ಹೆಂಡತಿ ಅಣ್ಣನೂ ಬೇಡ.”

“ಅಕ್ಕನ್ನ ಬಿಟ್ಟು ಹೆಂಡತೀನ ತಡೆದ್ರೆ ಗಲಾಟೆ ಆಗುತ್ತೆ.”

“ಆಗಲಿ. ನನ್ನ ಹೆಸರು ಹೇಳಿ.”

ಇನ್ಸ್‌ಪೆಕ್ಟರ್ ಪೇದೆಗೆ ಸನ್ನೆ ಮಾಡಿ, ಮೆಟ್ಟಿಲಿಳಿದು ಹೋದ.

ಗೋಡೆಯ ಬದಿಯ ಬೆಂಚಿನ ಮೇಲೆ ಅಕ್ಕ ಕೂತಿದ್ದಳು. ಮಡಚಿದ ಬಿಳಿ ಕೋಲು ತೊಡೆಯ ಮೇಲಿತ್ತು. ಹುಟ್ಟಾ ಕಣ್ಣಿಲ್ಲ. ಕೋರ್ಟಿನಲ್ಲಿ ವಕೀಲರು, ಸಾಕ್ಷಿಗಳು ಆಡಿದ ಮಾತಿನ ರೆಕಾರ್ಡು ಕೇಳಿ ಟೈಪು ಮಾಡುವುದು ಅವಳ ಕೆಲಸ. ತಮ್ಮ ತಾನಾಗಿ ಬಿದ್ದವನಲ್ಲ ಎಂದು ಸಾವಧಾನಮ್ಮನನ್ನು ಕರೆಸಿದವಳೂ ಅವಳೇ. ಪೊಲೀಸರು ಮೊದಲ ದಿನದಿಂದ ಯಾರನ್ನೂ ಒಳಗೆ ಬಿಟ್ಟಿರಲಿಲ್ಲ. ಅವಳು ಅಲ್ಲೇ ಬೆಂಚಿಗೆ ಅಂಟಿಕೊಂಡಿದ್ದಳು.

“ಕೇಳಿಸ್ತಾ ಅಕ್ಕಯ್ಯ? ನೀವು ಒಳಗೆ ಹೋಗಿ ಕೂರಬಹುದು.”

“ನಾನೊಬ್ಬಳೇನಾ?”

“ನೀವೊಬ್ಬರೇ.”

ಅಕ್ಕ ದೊಡ್ಡದಾಗಿ ಉಸಿರು ಬಿಟ್ಟಳು. ಕೈಗಡಿಯಾರದ ಹಳದಿ ಗುಂಡಿಯನ್ನು ಹೆಬ್ಬೆರಳಿಂದ ಒತ್ತಿದಳು. ಅದರೊಳಗಿಂದ ಹೆಣ್ಣು ದನಿಯೊಂದು ಗಂಟೆ ಹತ್ತೂವರೆ ಎಂದಿತು.

“ಚೆನ್ನಾಗಿದೆಯಲ್ಲ! ಹೊಸದಾ?”

“ಈಚೆಗೆ ತರಿಸ್ಕೊಂಡೆ. ಮುಂಚೆ ದಾರೀಲಿ ಹೋಗೋರನ್ನ ಟೈಮ್ ಕೇಳಬೇಕಿತ್ತು. ಟೈಮ್ ಹೇಳೋರು ಕಮ್ಮಿ, ಪಾಪ ಅಂತ ಕೈ ಹಿಡಿದು ರಸ್ತೆ ದಾಟಿಸೋರೇ ಜಾಸ್ತಿ. ನಾನು ದಾಟಬೇಕಿಲ್ಲ ಅಂದ್ರೂ ಬಿಡ್ತಿರಲಿಲ್ಲ.”

ಸಾವಧಾನಮ್ಮನಿಗೆ ಆ ಸಂಕಟದಲ್ಲೂ ನಗು ಬಂತು. ಪಕ್ಕದಲ್ಲಿ ಕೂತು ದನಿ ತಗ್ಗಿಸಿದಳು.

“ಒಂದು ಮಾತು ಕೇಳ್ತೀನಿ. ನಿಮ್ಮ ತಮ್ಮನ ಫೋನಲ್ಲಿ ಪಡಸಾಲೆ ಹೇಗೆ ತೆಗೀತಿದ್ದ?”

ಪಡಸಾಲೆ ಎಂಬುದು ಜನ ಬರೆದು, ಓದಿ, ಜಗಳವಾಡಿ, ಫೋಟೋ ಹಾಕಿ ದಿನ ಕಳೆಯುವ ಜಾಲತಾಣ. ಅದರ ಕಂಪನಿಯದೇ ಒಂದು ಆಪ್ ಇತ್ತು. ಅದೇ ಪಡಸಾಲೆಯನ್ನು ಬೇರೆ ದಾರಿಯಿಂದ ತೆರೆದು, ಕಣ್ಣಿಲ್ಲದವರಿಗೆ ಗಟ್ಟಿಯಾಗಿ ಓದಿ ಹೇಳುವ ಇನ್ನೊಂದು ಆಪನ್ನು ತಮ್ಮ ಮಾಡಿದ್ದ. ಅದಕ್ಕೆ ‘ಕಿವಿ’ ಎಂದು ಹೆಸರಿಟ್ಟಿದ್ದ.

“ಕಿವಿಯಲ್ಲೇ ತೆಗೀತಿದ್ದ, ಇನ್ನೇನು? ಕಂಪನಿ ಆಪನ್ನ ಫೋನಿಗೆ ಹಾಕಲೇ ಇಲ್ಲ ಅವನು. ಅದಿದ್ರೆ ಕಿವಿ ಕೆಟ್ಟಾಗ ನಂಗೆ ಗೊತ್ತಾಗಲ್ಲ ಅಕ್ಕ, ಅದರ ಕಡೆ ಹೋಗಿಬಿಡ್ತೀನಿ ಅಂತಿದ್ದ.”

“ನಿಮ್ಮ ಫೋನಲ್ಲಿ?”

“ನನ್ನದ್ರಲ್ಲೂ ಇಲ್ಲ. ಅದನ್ನ ಯಾರು ಕೇಳಿಸ್ಕೋತಾರೆ ಮೇಡಂ? ಗೆಳತಿ ಬರೆದಿದ್ದು ಒಂದು ಸಾಲು, ಮಧ್ಯ ಸೋಪು. ಇನ್ನೊಂದು ಸಾಲು, ಮಧ್ಯ ಮನೆ ಸಾಲ. ಕಣ್ಣಿರೋರು ಬೆರಳಾಡಿಸಿ ದಾಟ್ಕೊಂಡು ಹೋಗ್ತೀರಿ. ನಾವು ಸೋಪಿನ ಕಥೆ ಪೂರ್ತಿ ಕೇಳಬೇಕು. ಅದಕ್ಕೇ ಅಲ್ವಾ ಅವನು ಕಿವಿ ಮಾಡಿದ್ದು? ಅದರಲ್ಲಿ ಜಾಹೀರಾತೇ ಇಲ್ಲ.”

ಅಕ್ಕ ಕೋಲು ಬಿಡಿಸಿಕೊಂಡು ಎದ್ದಳು. ಪೇದೆ ಬಾಗಿಲು ತೆರೆದ. ಅವಳು ಹಾಸಿಗೆಯ ಕಬ್ಬಿಣದ ಅಂಚನ್ನು ಸವರುತ್ತ ತಮ್ಮನ ತಲೆಯ ಕಡೆ ನಡೆದಳು.

ಒಳ್ಳೆಯ ಕೆಲಸ ಮಾಡಿದೆ ಅನ್ನಿಸಿತು ಸಾವಧಾನಮ್ಮನಿಗೆ.

ಕೆಳಗಿನ ಮಹಡಿಯಲ್ಲಿ ಕಾಫಿ ಯಂತ್ರದ ಬಳಿ ನಿಂತು ಕೈಚೀಲದಿಂದ ಕಾಗದಕ್ಕೆ ಅಚ್ಚು ಹಾಕಿದ ಚಿತ್ರವೊಂದನ್ನು ತೆಗೆದಳು. ಇನ್ಸ್‌ಪೆಕ್ಟರ್ ಅದನ್ನೇ ಹಿಡಿದುಕೊಂಡು ಫೈಲು ಮುಚ್ಚಲು ಹೊರಟಿದ್ದ.

ಫೋನಿನ ಪರದೆಯ ಚಿತ್ರ. ಪಡಸಾಲೆಯಲ್ಲಿ ಬರೆಯುವ ಜಾಗ ತೆರೆದಿತ್ತು. ಮೇಲೆ ತಮ್ಮನ ಹೆಸರು, ಅವನ ಪುಟ್ಟ ಭಾವಚಿತ್ರ. ಕೆಳಗೆ ನಾಲ್ಕು ಸಾಲು:

‘ಕಿವಿ ಇವತ್ತಿಗೆ ಮುಗಿಯಿತು. ನನ್ನಿಂದ ಆಗಲಿಲ್ಲ. ಯಾರನ್ನೂ ದೂರಬೇಡಿ. ಇಷ್ಟು ದಿನ ಕೇಳಿಸಿಕೊಂಡವರಿಗೆಲ್ಲ ನಮಸ್ಕಾರ.’

‘ಪ್ರಕಟಿಸು’ ಎಂಬ ಗುಂಡಿಯನ್ನು ಇನ್ನೂ ಒತ್ತಿರಲಿಲ್ಲ. ಅಂದರೆ ಈ ಚಿತ್ರ ಬಂದಿರುವುದು ಅದನ್ನು ಬರೆದ ಫೋನಿನಿಂದಲೇ. ಈ ಸಾಲುಗಳು ಪಡಸಾಲೆಗೆ ಬಂದ ಸ್ವಲ್ಪ ಹೊತ್ತಿನಲ್ಲೇ ಅವನು ಬಿದ್ದದ್ದು. ಹೆಂಡತಿಯ ಅಣ್ಣ ಪೊಲೀಸರಿಗೆ ಹೇಳಿಕೆ ಕೊಟ್ಟಿದ್ದ: “ನನ್ನ ಎದುರೇ ಕೂತು ಬರೆದ. ಬೇಡ ಅಂದೆ. ಫೋನು ಕಿತ್ಕೊಂಡು ಪರದೆಯ ಚಿತ್ರ ತೆಗೆದೆ, ತಂಗಿಗೆ ತೋರಿಸಿ ಬುದ್ಧಿ ಹೇಳಿಸೋಣ ಅಂತ ನನ್ನ ಫೋನಿಗೆ ದಾಟಿಸ್ಕೊಂಡು ಹೊರಟೆ. ನಾನು ಹೋದ ಮೇಲೆ ಜಿಗಿದಿದ್ದಾನೆ.” ತಮ್ಮನ ಫೋನು ಅವನ ಜೊತೆಗೇ ಬಿದ್ದು ಚೂರುಚೂರಾಗಿತ್ತು. ಈ ಮಾತು ಹೌದೋ ಅಲ್ಲವೋ ಎಂದು ಹೇಳಲು ಬೇರೆ ಏನೂ ಉಳಿದಿರಲಿಲ್ಲ.

ಅಕ್ಷರಗಳನ್ನು ಎಷ್ಟು ಸಲ ಓದಿದ್ದಳೋ ಲೆಕ್ಕವಿಲ್ಲ. ಈ ಸಲ ಅಕ್ಷರ ಬಿಟ್ಟು ಅಂಚು ನೋಡಿದಳು.

ಪರದೆಯ ತಳದಲ್ಲಿ, ಕತ್ತರಿಸಿ ಹೋಗುವ ಕಡೆಯಲ್ಲಿ, ಬೆರಳಗಲದ ಒಂದು ಪಟ್ಟಿ. ನೀಲಿ ಬೆಲ್ಟಿನ ಒಂದು ತುಂಡು. ಅದರ ಕೆಳಗೆ ದುಂಡನೆಯ ಗಡಿಯಾರದ ಅರ್ಧ ಮುಖ. ಮೂಲೆಯಲ್ಲಿ ಇರುವೆಯಷ್ಟು ಸಣ್ಣಗೆ ‘ಜಾಹೀರಾತು’.

ಕಾಫಿ ಲೋಟವನ್ನು ಕುಡಿಯದೇ ಯಂತ್ರದ ಮೇಲಿಟ್ಟಳು. ಕಿವಿಯಲ್ಲಿ ಜಾಹೀರಾತೇ ಇಲ್ಲ. ತಮ್ಮನ ಫೋನಲ್ಲಿ ಕಿವಿ ಬಿಟ್ಟು ಬೇರೆ ಇಲ್ಲ. ಹಾಗಾದರೆ ಇದು ಬೇರೆ ಯಾರದೋ ಫೋನು.

ಯಾರದು ಎಂಬುದಕ್ಕೂ ಆಕೆ ತಲೆ ಕೆರೆದುಕೊಳ್ಳಬೇಕಾಗಲಿಲ್ಲ. ಹೆಂಡತಿಯ ಅಣ್ಣ ಪಡಸಾಲೆ ಕಂಪನಿಯ ಜಾಹೀರಾತು ಮ್ಯಾನೇಜರ್. ಗಡಿಯಾರದ ಹುಚ್ಚಿನವನು. ದಿನಕ್ಕೊಂದು ಅಂಗಿ ಬದಲಿಸುವ ಹಾಗೆ ಗಡಿಯಾರ ಬದಲಿಸುತ್ತಾನೆ, ಕಚೇರಿಯವರು ಅವನನ್ನು ಗಡಿಯಾರದ ಸಾಹೇಬ್ರು ಎಂದೇ ಕರೆಯುತ್ತಾರೆ. ಗಡಿಯಾರ ಹುಡುಕುವವನಿಗೆ ಗಡಿಯಾರದ್ದೇ ಜಾಹೀರಾತು ಬಂದಿದೆ.

ಆಕೆ ಬಸ್ಸಿಗೆ ಕಾಯದೆ ಟ್ಯಾಕ್ಸಿ ಹಿಡಿದಳು.

ಪಡಸಾಲೆಯ ಕಚೇರಿಯಲ್ಲಿ ಗೋಡೆಯೆಲ್ಲ ಗಾಜು. ಯಾರು ಕೆಲಸ ಮಾಡುತ್ತಿದ್ದಾರೆ, ಯಾರು ಆಕಳಿಸುತ್ತಿದ್ದಾರೆ ಎಲ್ಲ ಕಾಣುತ್ತಿತ್ತು. ಮ್ಯಾನೇಜರ್ ಎದ್ದು ನಿಂತು ಕುರ್ಚಿ ತೋರಿಸಿದ. ಮಣಿಕಟ್ಟಿನಲ್ಲಿ ಚಿನ್ನದ ಬಣ್ಣದ ಗಡಿಯಾರ.

“ಹೇಗಿದ್ದಾನೆ?”

“ಉಸಿರಾಡ್ತಿದ್ದಾನೆ. ನಿಮ್ಮಿಂದ ಒಂದು ತಿಳ್ಕೋಬೇಕಿತ್ತು, ನನಗೆ ಓದು ಅಷ್ಟಕ್ಕಷ್ಟೇ. ಪಡಸಾಲೇಲಿ ಬರೆಯೋಕೂ ಕಾಸಿಲ್ಲ, ಓದೋಕೂ ಕಾಸಿಲ್ಲ. ಮತ್ತೆ ಈ ಗಾಜಿನ ಅರಮನೆ ಹೇಗೆ ಕಟ್ಟಿದ್ರಿ?”

ಮ್ಯಾನೇಜರನ ಹೆಗಲು ಸಡಿಲವಾಯಿತು. ಇದು ಅವನಿಗೆ ನೀರು ಕುಡಿದಷ್ಟು ಸುಲಭದ ಪ್ರಶ್ನೆ.

“ಒಳಗೆ ಕೂತು ಹರಟೆ ಹೊಡೆಯೋಕೆ ಬಾಡಿಗೆ ಇಲ್ಲ ಮೇಡಂ. ಆದ್ರೆ ಗೋಡೆ ನಮ್ಮದು. ಗೋಡೆ ಮೇಲೆ ಏನಾದ್ರೂ ಅಂಟಿಸಬೇಕು ಅಂದ್ರೆ ಅಂಗಡಿಯೋರು ನಮಗೆ ದುಡ್ಡು ಕೊಡಬೇಕು. ಯಾರಿಗೆ ಏನು ಬೇಕು ಅಂತ ನೋಡ್ಕೊಂಡು ಅವರ ಎದುರಿನ ಗೋಡೆಗೇ ಅಂಟಿಸ್ತೀವಿ. ಬರೆಯೋ ಜಾಗದ ಕೆಳಗೂ ಬಿಡಲ್ಲ.”

“ಯಾರಾದ್ರೂ ಹೊರಗಡೆ ಕಿಟಕಿಯಿಂದಲೇ ಹರಟೆ ಕೇಳಿಸ್ಕೊಂಡ್ರೆ?”

“ಆಗ ಅವರಿಗೆ ಗೋಡೆ ಕಾಣಲ್ಲ, ನಮಗೆ ಚಿಕ್ಕಾಸೂ ಹುಟ್ಟಲ್ಲ. ನನ್ನ ತಂಗಿ ಗಂಡ ಮಾಡಿದ್ದೇ ಅದು. ಅವನ ಕಿವಿ ಒಂದು ಕಿಟಕಿ. ಅಂಥವು ಇನ್ನೂ ಇದ್ವು. ಜಾಹೀರಾತು ನಮ್ಮ ಆಪಲ್ಲಿ ಮಾತ್ರ ಬರೋದು, ಅದಕ್ಕೇ ಎಲ್ಲರೂ ನಮ್ಮ ಆಪಿನ ಬಾಗಿಲಿಂದಲೇ ಬರಲಿ ಅಂತ ಮೇಲಿನೋರು ಕಿಟಕಿಗಳನ್ನೆಲ್ಲ ಮುಚ್ಚಿಸ್ತಿದ್ದಾರೆ.”

“ಅವನ ಫೋನಲ್ಲಿ ನಿಮ್ಮ ಆಪ್ ಇತ್ತಾ?”

ಮ್ಯಾನೇಜರ್ ನಕ್ಕೇಬಿಟ್ಟ. “ಅವನ ಫೋನಲ್ಲಾ! ನಮ್ಮನೆಗೆ ಊಟಕ್ಕೆ ಬಂದಾಗಲೂ ಹಂಗಿಸ್ತಿದ್ದ. ‘ಹೋಟೆಲಿನೋನು ಪಕ್ಕದ ಹೋಟೆಲಿಗೆ ಹೋಗಿ ಉಣ್ತಾನಾ ಭಾವ’ ಅಂತ. ಸತ್ತರೂ ಹಾಕ್ತಿರಲಿಲ್ಲ...”

ಸತ್ತರೂ ಎಂಬ ಮಾತು ಬಾಯಿಂದ ಜಾರಿದ್ದಕ್ಕೆ ನಾಲಿಗೆ ಕಚ್ಚಿಕೊಂಡ.

ಸಾವಧಾನಮ್ಮ ಚಿತ್ರವನ್ನು ಮೇಜಿನ ಮೇಲೆ ಹರಡಿದಳು.

“ಇದು ಅವನ ಫೋನಿನ ಪರದೆ ಅಂತ ಸಹಿ ಹಾಕಿ ಕೊಟ್ಟಿದ್ದೀರಿ.”

“ಹೌದು. ನಾನೇ ತೆಗೆದಿದ್ದು.”

“ಕೆಳಗೆ ಏನಿದೆ?”

“ಎಲ್ಲಿ? ನಮಸ್ಕಾರ ಅಂತ ಬರೆದಿದ್ದಾನೆ.”

“ಅದಕ್ಕೂ ಕೆಳಗೆ.”

ಅವನು ಬಗ್ಗಿ ನೋಡಿದ. ನಿಜಕ್ಕೂ ಅವನ ಕಣ್ಣಿಗೆ ಬೀಳಲಿಲ್ಲ. ಹಗಲೂ ರಾತ್ರಿ ಜಾಹೀರಾತಿನ ನಡುವೆ ಬದುಕಿದವನಿಗೆ ಅದು ಗೋಡೆಯ ಸುಣ್ಣದ ಹಾಗೆ, ಇದ್ದರೂ ಇಲ್ಲದ ಲೆಕ್ಕ. ಅವಳು ಅಂಚಿನ ಮೇಲೆ ಬೆರಳಿಟ್ಟಳು.

“ಓ, ಅದಾ? ಅದು ಜಾಹೀ...”

ಮಾತು ಅಲ್ಲೇ ನಿಂತಿತು. ಗಾಜಿನಾಚೆ ಯಾರೋ ಅವನಿಗೆ ಕೈ ಬೀಸಿದರು. ಅವನು ತಿರುಗಿ ನೋಡಲಿಲ್ಲ.

“ಸಾವಧಾನ,” ಎಂದಳು ಆಕೆ. “ಕೂತ್ಕೊಳ್ಳಿ. ಅವನ ಫೋನಲ್ಲಿ ನಿಮ್ಮ ಆಪ್ ಇಲ್ಲ, ಅದನ್ನ ಈಗ ತಾನೆ ನೀವೇ ಹೇಳಿದ್ರಿ. ನಿಮ್ಮ ಆಪ್ ಬಿಟ್ಟು ಬೇರೆ ಕಡೆ ಜಾಹೀರಾತು ಬರಲ್ಲ, ಅದನ್ನೂ ನೀವೇ ಹೇಳಿದ್ರಿ. ಗಡಿಯಾರದ ಜಾಹೀರಾತು ಗಡಿಯಾರದ ಸಾಹೇಬ್ರಿಗೆ ಅಲ್ಲದೆ ಇನ್ಯಾರಿಗೆ ಬರುತ್ತೆ? ಅವನ ಹೆಸರಲ್ಲಿ ನಿಮ್ಮ ಫೋನಿಂದ ಬರೆದಿದ್ದು ಯಾಕೆ?”

“ನಾನು ಬರೀಲಿಲ್ಲ.”

“ತೆಗೆದಿದ್ದು ನಾನೇ ಅಂದ್ರಿ.”

“ಸುಳ್ಳು ಹೇಳಿದೆ.” ಅವನ ದನಿ ನೆಲಕ್ಕಿಳಿದಿತ್ತು. “ನಾನು ಅಲ್ಲಿಗೆ ಹೋಗಲೇ ಇಲ್ಲ ಮೇಡಂ. ಈ ಚಿತ್ರ ನನ್ನ ತಂಗಿ ಕಳಿಸಿದ್ದು. ಗೋಳೋ ಅಂತ ಅಳ್ತಿದ್ಲು. ‘ಅಣ್ಣಾ, ನೀನೇ ಅವರ ಫೋನಿಂದ ತೆಗೆದೆ ಅಂತ ಹೇಳು, ನನ್ನ ಕೈಲಿತ್ತು ಅಂದ್ರೆ ಗಂಡನ್ನ ಯಾಕೆ ತಡೀಲಿಲ್ಲ ಅಂತ ಪೊಲೀಸರು ಪ್ರಾಣ ತಿಂತಾರೆ’ ಅಂದ್ಲು. ಒಡಹುಟ್ಟಿದೋಳು. ಹೇಳಿಬಿಟ್ಟೆ.”

“ಅವಳಿಗೆ ಯಾರು ಕೊಟ್ರು?”

“ಕೇಳಲಿಲ್ಲ. ಗಂಡನೇ ಕಳಿಸಿರಬೇಕು ಅಂದ್ಕೊಂಡೆ.”

“ಇದನ್ನ ನಾನು ನಂಬಬೇಕಾ? ಅವನ ಕಿವಿ ಮುಚ್ಚಿದ್ರೆ ಲಾಭ ನಿಮ್ಮ ಕಂಪನಿಗೆ.”

“ಮುಚ್ಚೋದೇ ಇರಲಿಲ್ಲ!” ಮ್ಯಾನೇಜರ್ ಮೇಜು ಗುದ್ದಿದ. “ಅವತ್ತು ಮಧ್ಯಾಹ್ನ ಇದೇ ಕುರ್ಚೀಲಿ ಕೂತು ಒಪ್ಕೊಂಡ. ಕಿವಿ ಉಳೀಬೇಕು ಅಂದ್ರೆ ಅದರೊಳಗೂ ನಮ್ಮ ಜಾಹೀರಾತು ಓದಿಸಬೇಕು. ಬೇರೆ ದಾರಿ ಇರಲಿಲ್ಲ ಅವನಿಗೆ. ಸರಿ ಅಂದ. ಮೇಲಿನೋರ ಹತ್ರ ನನ್ನ ಮಾತು ನಿಲ್ಲಬೇಕು ಅಂದ್ರೆ ಅವನು ಬದುಕಿರಬೇಕು ಮೇಡಂ. ಅವನನ್ನ ತಳ್ಳಿ ನಾನೇನು ಮಣ್ಣು ತಿನ್ನಲಾ?”

ಇದನ್ನು ಆಕೆಗೆ ಯಾರೂ ಹೇಳಿರಲಿಲ್ಲ. ಮಧ್ಯಾಹ್ನ ಕಿವಿಯನ್ನು ಉಳಿಸಿಕೊಂಡು ಹೋದವನು ಸಂಜೆಗೆ ‘ಕಿವಿ ಮುಗಿಯಿತು’ ಎಂದು ಬರೆಯುವುದು ಹೇಗೆ?

“ಒಪ್ಪಿದ್ದು ಇನ್ಯಾರಿಗೆ ಗೊತ್ತಿತ್ತು?”

“ಯಾರಿಗೂ ಇಲ್ಲ. ಹೊರಡೋವಾಗ ಮುಖ ಸಣ್ಣ ಮಾಡ್ಕೊಂಡಿದ್ದ. ‘ನೀವ್ಯಾರೂ ಬಾಯಿ ಬಿಡಬೇಡಿ ಭಾವ, ಅಕ್ಕನಿಗೆ ಇವತ್ತೇ ನಾನೇ ಹೇಳ್ತೀನಿ. ಅವಳಿಗೆ ಮಾತು ಕೊಟ್ಟು ಕಟ್ಟಿದ ಆಪು ಇದು’ ಅಂದ.”

ಅಷ್ಟು ಹೇಳಿ ಅವನು ಚಿತ್ರವನ್ನು ತನ್ನ ಕಡೆ ಎಳೆದುಕೊಂಡ. ಕನ್ನಡಕ ಹಣೆಗೇರಿಸಿ ಅಂಚನ್ನು ಮೂಗಿನ ಹತ್ತಿರ ಹಿಡಿದ. ಈಗ ಅವನು ತಂಗಿಯ ಅಣ್ಣನ ಹಾಗಿರಲಿಲ್ಲ, ತನ್ನ ಸರಕು ಗುರುತಿಸುವ ವ್ಯಾಪಾರಿಯ ಹಾಗಿದ್ದ.

“ಈ ನೀಲಿ ಬೆಲ್ಟು...” ಎಂದ. “ಇದು ನನಗೆ ಬರೋ ಜಾಹೀರಾತಲ್ಲ ಮೇಡಂ. ಬರೋಕೆ ಸಾಧ್ಯನೇ ಇಲ್ಲ. ಈ ಜಾಹೀರಾತಿಗೆ ಜಾಗ ಮಾರಿದ್ದೇ ನಾನು.”

“ಗಡಿಯಾರ ತಾನೆ?”

“ಗಡಿಯಾರನೇ. ಆದ್ರೆ ನೋಡೋ ಗಡಿಯಾರ ಅಲ್ಲ.”

ಕಂಪ್ಯೂಟರಿನಲ್ಲಿ ಏನೋ ಹುಡುಕಿ ಪರದೆಯನ್ನು ಆಕೆಯ ಕಡೆ ತಿರುಗಿಸಿದ. ಪೂರ್ತಿ ಜಾಹೀರಾತು. ನೀಲಿ ಬೆಲ್ಟು, ದುಂಡನೆಯ ಮುಖ. ಆ ಚಿತ್ರದಲ್ಲಿ ಕತ್ತರಿಸಿ ಹೋಗಿದ್ದ ಕೆಳಗಿನ ಅರ್ಧದಲ್ಲಿ, ಅಂಚಿಗೆ, ಹೆಬ್ಬೆರಳು ಕೂರುವಷ್ಟು ದೊಡ್ಡದಾದ ಒಂದು ಹಳದಿ ಗುಂಡಿ.

“ಒತ್ತಿದ್ರೆ ಟೈಮ್ ಹೇಳುತ್ತೆ. ಹೊಸ ಸರಕು. ಅಂಗಡೀಲಿ ಇನ್ನೂ ಇಟ್ಟಿಲ್ಲ, ನಮ್ಮ ಆಪಲ್ಲಿ ಜಾಹೀರಾತು ಒತ್ತಿ ತರಿಸ್ಕೊಂಡ್ರೆ ಮಾತ್ರ ಉಂಟು.”

“ಇದನ್ನ ಯಾರಿಗೆ ತೋರಿಸ್ತೀರಿ?” ತನ್ನ ದನಿ ತನಗೇ ಬೇರೆಯಾಗಿ ಕೇಳಿಸಿತು ಆಕೆಗೆ.

“ಪರದೆ ಮೇಲಿರೋದನ್ನ ಓದಿ ಹೇಳೋ ದನಿ ಯಾರ ಫೋನಲ್ಲಿ ಚಾಲೂ ಇರುತ್ತೋ ಅವರಿಗೆ ಮಾತ್ರ. ಕಣ್ಣಿರೋರಿಗೆ ತೋರಿಸಿ ಏನುಪಯೋಗ? ಪಾಸ್‌ವರ್ಡ್ ಗೊತ್ತಿದ್ದು ಒಳಗೆ ಯಾರ ಹೆಸರಲ್ಲಿ ಬರೀತಿದ್ರೂ ಅಷ್ಟೇ, ಜಾಹೀರಾತು ಬರೋದು ಫೋನು ನೋಡಿ.”

ಸಾವಧಾನಮ್ಮ ಕುರ್ಚಿಯ ಕೈ ಹಿಡಿದುಕೊಂಡಳು.

ಅಂಚಿನ ಜಾಹೀರಾತನ್ನು ನೋಡದೇ ಬಿಟ್ಟವರು ಅದನ್ನು ನೋಡಿ ನೋಡಿ ಸಾಕಾದವರು ಎಂದುಕೊಂಡಿದ್ದಳು. ಚಿತ್ರದಲ್ಲಿ ಏನು ಬಿದ್ದಿದೆ ಎಂದು ಕಾಣಲಾಗದವರೂ ಇರಬಹುದು ಎಂಬುದು ಹೊಳೆದಿರಲಿಲ್ಲ. ಇಡೀ ಬೆಳಿಗ್ಗೆ ಆ ಹಳದಿ ಗುಂಡಿ ಆಕೆಯ ಕಣ್ಣೆದುರೇ ಇತ್ತು. ಕಂಪನಿಯ ಆಪ್ ನನ್ನ ಫೋನಲ್ಲಿ ಇಲ್ಲ ಎಂದವಳ ಕೈಯಲ್ಲಿ, ಕಂಪನಿಯ ಆಪ್ ಬಿಟ್ಟು ಬೇರೆಲ್ಲೂ ಸಿಗದ ಗಡಿಯಾರ. ಚೆನ್ನಾಗಿದೆ ಎಂದು ಹೊಗಳಿಯೂ ಬಂದಿದ್ದಳು.

ಬೇರೆ ಯಾರೋ ಅವಳ ಫೋನು ತೆಗೆದುಕೊಂಡು ಬರೆದಿರಬಹುದು. ಮ್ಯಾನೇಜರನ ತಂಗಿ, ಅಂದರೆ ಹುಡುಗನ ಹೆಂಡತಿ, ಅಕ್ಕನ ಜೊತೆ ಒಂದೇ ಮನೆಯಲ್ಲಿ ಇರುವವಳು. ಆದರೆ ಆಪ್ ಇಲ್ಲ ಎಂಬ ಸುಳ್ಳು ಹೆಂಡತಿಯದಲ್ಲ. ಅದು ಅಕ್ಕನದು. ಮಾತು ಮುರಿದ ತಮ್ಮನ ಹೆಸರಲ್ಲಿ ಬರೆದು, ಆ ಚಿತ್ರವನ್ನು ಅವನ ಹೆಂಡತಿಗೆ ದಾಟಿಸಿದ್ದೂ ಅವಳೇ.

ತಾನೇ ಮಾಡಿದ್ದರೆ ಪತ್ತೇದಾರಳನ್ನು ಯಾಕೆ ಕರೆಸಿದಳು? ಈ ಪ್ರಶ್ನೆ ಮನಸ್ಸಿಗೆ ಬಂದ ಮರುಗಳಿಗೆಯೇ ಅದರ ಉತ್ತರವೂ ಬಂತು. ಪೊಲೀಸರು ಯಾರನ್ನೂ ಒಳಗೆ ಬಿಟ್ಟಿರಲಿಲ್ಲ. ಅವಳೊಬ್ಬಳನ್ನು ಒಳಗೆ ಬಿಡಿಸಿದ್ದು ತಾನು.

ಫೋನು ತೆಗೆದು ಆಸ್ಪತ್ರೆಗೆ ಹಚ್ಚಿದಳು. ಬಹಳ ಹೊತ್ತು ಬಡಿದುಕೊಂಡಿತು. ಕೊನೆಗೆ ನರ್ಸು ಎತ್ತಿದಳು.

“ಮೇಡಂ, ನೀವಾ! ನಾನೇ ನಿಮಗೆ ಮಾಡೋಣ ಅಂತಿದ್ದೆ. ಪೇಶಂಟು ಕಣ್ಣು ಬಿಟ್ಟಿದ್ದಾನೆ. ತುಟಿ ಅಲ್ಲಾಡಿಸ್ತಿದ್ದಾನೆ, ಏನೋ ಹೇಳೋಕೆ ನೋಡ್ತಿದ್ದಾನೆ.”

“ಅವನ ಹತ್ರ ಯಾರಿದ್ದಾರೆ?”

“ಅವರಕ್ಕ. ಒಂದು ಗಳಿಗೆ ಇಬ್ಬರನ್ನೇ ಬಿಡಿ ಅಂದ್ರು, ಪಾಪ. ನಾವೆಲ್ಲ ಹೊರಗೆ ಬಂದ್ವಿ. ಬಾಗಿಲು ಹಾಕ್ಕೊಂಡಿದ್ದಾರೆ.”

“ತೆಗೆಸು! ಪೇದೆಗೆ ಹೇಳು, ಈಗಲೇ ಒಳಗೆ ಹೋಗು ಅಂತ!”

“ಅವನೆಲ್ಲಿ ಕೇಳ್ತಾನೆ ಮೇಡಂ?” ನರ್ಸು ನಕ್ಕಳು. “ಬಾಗಿಲಿಗೆ ಅಡ್ಡ ನಿಂತಿದ್ದಾನೆ. ಡಾಕ್ಟರನ್ನೂ ಬಿಡಲಿಲ್ಲ ಈಗ. ಅಕ್ಕ ಒಬ್ಬಳನ್ನ ಬಿಟ್ಟು ಇನ್ಯಾರೂ ಹೋಗಬಾರದು, ಮೇಡಂ ಅಪ್ಪಣೆ, ಅಂತ ನಿಮ್ಮ ಹೆಸರೇ ಹೇಳ್ತಿದ್ದಾನೆ.”